ಓದುಗರ ಪ್ರಶ್ನೆ, ಕಾನೂನಿನ ಉತ್ತರ: ತಾರತಮ್ಯ ನಡೆದಾಗ ಯಾವ ಬಾಗಿಲು ತಟ್ಟಬೇಕು?

ತಾರತಮ್ಯದ ಬಗ್ಗೆ ಬಂದ ಪತ್ರಗಳಲ್ಲಿ ಎಂಟನ್ನು ಈ ಸಂಚಿಕೆಗೆ ಆರಿಸಿದ್ದೇವೆ. ಬರೆದವರ ಹೆಸರು, ಊರು ಕೈಬಿಟ್ಟಿದ್ದೇವೆ. ನಮ್ಮ ದೇಶದಲ್ಲಿ ಎಲ್ಲ ಬಗೆಯ ತಾರತಮ್ಯಕ್ಕೂ ಸೇರಿ ಒಂದೇ ಕಾಯ್ದೆ ಇಲ್ಲ. ಅನ್ಯಾಯ ಯಾರಿಗಾಯಿತು, ಯಾರು ಮಾಡಿದರು, ಎಲ್ಲಿ ನಡೆಯಿತು ಎಂಬುದರ ಮೇಲೆ ಕಾಯ್ದೆಯೂ ಬದಲಾಗುತ್ತದೆ, ಹೋಗಬೇಕಾದ ಕಚೇರಿಯೂ ಬದಲಾಗುತ್ತದೆ. ತಪ್ಪು ಕಚೇರಿಗೆ ಅಲೆದು ವರ್ಷ ಕಳೆದವರ ಪತ್ರಗಳೇ ಹೆಚ್ಚು ಬಂದಿರುವುದರಿಂದ ಉತ್ತರಗಳಲ್ಲಿ ಅದಕ್ಕೇ ಹೆಚ್ಚು ಜಾಗ ಕೊಟ್ಟಿದ್ದೇವೆ.

ಪ್ರಶ್ನೆ: ನಮ್ಮೂರಿನ ಎರಡೂ ಕ್ಷೌರದಂಗಡಿಗಳಲ್ಲಿ ನಮ್ಮ ಕೇರಿಯವರಿಗೆ ಕಟಿಂಗ್ ಮಾಡುವುದಿಲ್ಲ. ಹೋದ ವಾರ ನನ್ನ ತಮ್ಮ ಒಳಗೆ ಹೋಗಿ ಕುಳಿತಿದ್ದಕ್ಕೆ ಜಾತಿ ಹೆಸರು ಹಿಡಿದು ಬೈದು ಎಬ್ಬಿಸಿದರು. ಠಾಣೆಗೆ ಹೋದರೆ ‘ಶಾಂತಿ ಸಭೆ ಮಾಡೋಣ, ಒಂದೇ ಊರಲ್ಲಿ ಬಾಳಬೇಕಲ್ಲ’ ಎಂದು ವಾಪಸ್ ಕಳಿಸಿದರು. ಮುಂದೇನು ಮಾಡಬೇಕು? (ಪರಿಶಿಷ್ಟ ಜಾತಿ, ಕೊಪ್ಪಳ ಜಿಲ್ಲೆ)

ಶಾಂತಿ ಸಭೆ ಬೇಕಿದ್ದರೆ ಆಮೇಲೆ ನಡೆಯಲಿ, ಮೊದಲು ಎಫ್‌ಐಆರ್ ಆಗಬೇಕು. ನಿಮ್ಮ ತಮ್ಮನಿಗೆ ಆಗಿರುವುದು ಎರಡು ಬೇರೆ ಬೇರೆ ಅಪರಾಧ. ಅಂಗಡಿಗೆ ಬಿಡದಿರುವುದು ಒಂದು. ಅದು ಪರಿಶಿಷ್ಟ ಜಾತಿ ಮತ್ತು ಪಂಗಡ (ದೌರ್ಜನ್ಯ ತಡೆ) ಕಾಯ್ದೆ, 1989ರ ಸೆಕ್ಷನ್ 3(1)(ಜಡ್‌ಎ) ಅಡಿ ಬರುತ್ತದೆ. 2016ರ ಜನವರಿ 26ರಿಂದ ಜಾರಿಯಾದ ತಿದ್ದುಪಡಿಯಲ್ಲಿ ಈ ಭಾಗ ಸೇರಿತು. ಬಾವಿ, ಕೆರೆ, ನಲ್ಲಿ, ಸ್ಮಶಾನ, ದೇವಸ್ಥಾನ, ಅಂಗಡಿ, ಆಸ್ಪತ್ರೆಗಳಿಗೆ ತಡೆಯೊಡ್ಡುವುದು, ಮದುವೆ ಮೆರವಣಿಗೆಯಲ್ಲಿ ಕುದುರೆ ಏರದಂತೆ ತಡೆಯುವುದು, ಚಪ್ಪಲಿ ಮೆಟ್ಟಬಾರದು ಎನ್ನುವುದು, ಎಲ್ಲವೂ ಅಲ್ಲಿವೆ. ಜಾತಿ ಹೆಸರು ಹಿಡಿದು ಬೈದಿದ್ದು ಎರಡನೆಯದು, ಅದಕ್ಕೆ 3(1)(ಆರ್) ಮತ್ತು 3(1)(ಎಸ್). ಇವೆಲ್ಲಕ್ಕೂ ಆರು ತಿಂಗಳಿಂದ ಐದು ವರ್ಷದವರೆಗೆ ಜೈಲು ಮತ್ತು ದಂಡ. ಇವುಗಳ ಜೊತೆಗೆ, ಅಸ್ಪೃಶ್ಯತೆಯ ಕಾರಣಕ್ಕೆ ಅಂಗಡಿಗೆ ಬಿಡದಿರುವುದು, ಸೇವೆ ನಿರಾಕರಿಸುವುದು ನಾಗರಿಕ ಹಕ್ಕು ಸಂರಕ್ಷಣಾ ಕಾಯ್ದೆ, 1955ರ ಸೆಕ್ಷನ್ 4 ಮತ್ತು 6ರಲ್ಲೂ ಅಪರಾಧ.

ಕೇಸು ಗಟ್ಟಿಯಾಗುವುದೂ ಬಿದ್ದುಹೋಗುವುದೂ ದೂರಿನ ಮೊದಲ ಹಾಳೆಯಲ್ಲೇ. ‘ಜಾತಿ ನಿಂದನೆ ಮಾಡಿದರು’ ಎಂದಷ್ಟೇ ಬರೆಯಬೇಡಿ. ಬೈದ ಶಬ್ದಗಳನ್ನು, ಎಷ್ಟೇ ಅಸಹ್ಯವಾಗಿದ್ದರೂ, ಆಡಿದ ಹಾಗೆಯೇ ಬರೆಯಿರಿ. ದಿನಾಂಕ, ಗಂಟೆ, ಅಂಗಡಿ ಇರುವ ಜಾಗ, ಆಗ ಒಳಗೆ ಕುಳಿತಿದ್ದ ಗಿರಾಕಿಗಳು, ಹೊರಗೆ ನಿಂತು ನೋಡಿದವರು, ಎಲ್ಲರ ಹೆಸರೂ ಬರಲಿ. ಬೈಗುಳದ ಅಪರಾಧಕ್ಕೆ ಕಾಯ್ದೆ ಹಾಕಿರುವ ಷರತ್ತು ‘ಸಾರ್ವಜನಿಕರ ಕಣ್ಣಿಗೆ ಬೀಳುವ ಸ್ಥಳ’. ಹಿತೇಶ್ ವರ್ಮಾ ಪ್ರಕರಣದಲ್ಲಿ (2020) ಸುಪ್ರೀಂ ಕೋರ್ಟ್, ಹೊರಗಿನವರು ಯಾರೂ ಇಲ್ಲದ ಮನೆಯ ನಾಲ್ಕು ಗೋಡೆಯೊಳಗೆ ಆಡಿದ ಮಾತಿಗೆ ಈ ಸೆಕ್ಷನ್ ಹತ್ತುವುದಿಲ್ಲ ಎಂದಿತು. ಇಬ್ಬರ ನಡುವಿನ ಫೋನ್ ಮಾತಿನ ಕೇಸುಗಳು ಬೀಳುವುದೂ ಇದರಿಂದಲೇ. ಅಂಗಡಿ ಖಾಸಗಿಯದಾದರೂ ಗಿರಾಕಿಗಳು ಕಂಡಿದ್ದರೆ ಷರತ್ತು ಪೂರೈಸಿದಂತೆ. ಆದ್ದರಿಂದ ‘ಆಗ ಅಂಗಡಿಯಲ್ಲಿ ಇಂಥಿಂಥವರು ಇದ್ದರು’ ಎಂಬ ಒಂದು ಸಾಲು ದೂರಿನಲ್ಲಿ ಇರಲೇಬೇಕು. ಇನ್ನೊಂದು ಸಾಲು: ‘ನಾವು ಯಾವ ಜಾತಿ ಎಂದು ಅವರಿಗೆ ಮೊದಲಿನಿಂದ ಗೊತ್ತು.’ ಆರೋಪಿಗೆ ನಿಮ್ಮ ಅಥವಾ ನಿಮ್ಮ ಕುಟುಂಬದ ಪರಿಚಯವಿದ್ದರೆ, ಜಾತಿಯೂ ಗೊತ್ತಿತ್ತು ಎಂದೇ ನ್ಯಾಯಾಲಯ ಭಾವಿಸಬೇಕೆಂದು ದೌರ್ಜನ್ಯ ಕಾಯ್ದೆಯ ಸೆಕ್ಷನ್ 8 ಹೇಳುತ್ತದೆ. ಊರಿನ ಪ್ರಕರಣಗಳಲ್ಲಿ ಇದು ದೊಡ್ಡ ಬಲ.

ಈಗಾಗಲೇ ಒಂದು ವಾರ ಕಳೆದಿದೆ. ತಡವಾಗಿದ್ದಕ್ಕೆ ಕಾರಣವನ್ನು ದೂರಿನಲ್ಲೇ ಬರೆಯಿರಿ: ಯಾವ ದಿನ ಠಾಣೆಗೆ ಹೋದಿರಿ, ಯಾರು ಏನೆಂದರು, ಎಷ್ಟು ಹೊತ್ತು ಕೂರಿಸಿದರು. ಬರೆಯದಿದ್ದರೆ ಎದುರು ವಕೀಲರು ವಿಚಾರಣೆಯಲ್ಲಿ ‘ಯೋಚನೆ ಮಾಡಿ ಕಟ್ಟಿದ ಕಥೆ’ ಎನ್ನುತ್ತಾರೆ. ಯಾರಾದರೂ ವಿಡಿಯೊ ಮಾಡಿದ್ದರೆ ಆ ಫೋನ್ ಜೋಪಾನ. ವಾಟ್ಸ್‌ಆ್ಯಪ್‌ನಲ್ಲಿ ಬಂದ ಪ್ರತಿ ಕುಗ್ಗಿರುತ್ತದೆ, ಯಾವಾಗ ತೆಗೆದದ್ದು ಎಂಬ ವಿವರ ಅಳಿಸಿಹೋಗಿರುತ್ತದೆ. ಭಾರತೀಯ ಸಾಕ್ಷ್ಯ ಅಧಿನಿಯಮದ ಸೆಕ್ಷನ್ 63ರ ಪ್ರಮಾಣಪತ್ರ (ಯಾವ ಸಾಧನದಿಂದ ಹೇಗೆ ತೆಗೆದದ್ದು ಎಂಬ ದೃಢೀಕರಣ) ಇಲ್ಲದೆ ವಿಡಿಯೊ ಸಾಕ್ಷ್ಯವಾಗಿ ನಿಲ್ಲುವುದು ಕಷ್ಟ. ಅಕ್ಕಪಕ್ಕದ ಅಂಗಡಿಯಲ್ಲಿ ಸಿಸಿಟಿವಿ ಇದ್ದರೆ ಕೂಡಲೇ ವಶಪಡಿಸಿಕೊಳ್ಳಿ ಎಂದು ದೂರಿನಲ್ಲೇ ಕೇಳಿ. ಕೆಲವು ವಾರಗಳಲ್ಲಿ ಹಳೆಯದರ ಮೇಲೆ ಹೊಸದು ದಾಖಲಾಗಿಬಿಡುತ್ತದೆ.

ಠಾಣೆಯಲ್ಲಿ ‘ಮೊದಲು ವಿಚಾರಣೆ ಮಾಡುತ್ತೇವೆ, ಆಮೇಲೆ ಎಫ್‌ಐಆರ್’ ಎನ್ನಬಹುದು. ಹೊಸ ನಾಗರಿಕ ಸುರಕ್ಷಾ ಸಂಹಿತೆಯ 173(3) ಕೆಲವು ಅಪರಾಧಗಳಿಗೆ 14 ದಿನದ ಪ್ರಾಥಮಿಕ ವಿಚಾರಣೆಗೆ ಅವಕಾಶ ಕೊಟ್ಟಿರುವುದು ನಿಜ. ಆದರೆ 2018ರಲ್ಲಿ ದೌರ್ಜನ್ಯ ಕಾಯ್ದೆಗೆ ಸೇರಿದ ಸೆಕ್ಷನ್ 18ಎ, ಎಫ್‌ಐಆರ್ ದಾಖಲಿಸಲು ಪ್ರಾಥಮಿಕ ವಿಚಾರಣೆ ಬೇಕಿಲ್ಲ ಎಂದು ಬಿಡಿಸಿ ಹೇಳಿದೆ. 2020ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದಿದೆ. ಜಾತಿ ಪ್ರಮಾಣಪತ್ರ ಈಗ ಕೈಯಲ್ಲಿಲ್ಲದಿದ್ದರೂ ಎಫ್‌ಐಆರ್ ನಿಲ್ಲಿಸುವಂತಿಲ್ಲ, ತನಿಖೆಯ ವೇಳೆ ಕೊಡಬಹುದು. ಆದರೆ ಮರೆಯಬೇಡಿ, ಅದಿಲ್ಲದೆ ಬಿದ್ದುಹೋದ ಕೇಸುಗಳಿವೆ.

ಆದರೂ ತೆಗೆದುಕೊಳ್ಳದಿದ್ದರೆ ಲಿಖಿತ ಹಿಂಬರಹ ಕೇಳಿ. ಅದೇ ದಿನ ದೂರಿನ ಪ್ರತಿಯನ್ನು ರಿಜಿಸ್ಟರ್ಡ್ ಅಂಚೆಯಲ್ಲಿ ಎಸ್‌ಪಿಗೆ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಇದು 173(4)ರ ದಾರಿ. ಅಲ್ಲೂ ಆಗದಿದ್ದರೆ ನ್ಯಾಯಾಲಯಕ್ಕೆ ಹೋಗಬಹುದು. ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯದ (ಡಿಸಿಆರ್‌ಇ) ಜಿಲ್ಲಾ ಘಟಕಕ್ಕೂ ಒಂದು ಪ್ರತಿ ಹೋಗಲಿ. ರಾಷ್ಟ್ರೀಯ ಸಹಾಯವಾಣಿ 14566ಕ್ಕೆ ಕರೆ ಮಾಡಿದರೆ ದೂರಿಗೆ ಸಂಖ್ಯೆ ಸಿಗುತ್ತದೆ, ಬರೆದಿಟ್ಟುಕೊಳ್ಳಿ. ದೂರು ಬರೆದುಕೊಳ್ಳದ, ಓದಿ ಹೇಳದ, ಪ್ರತಿ ಕೊಡದ ಅಧಿಕಾರಿಯ ಮೇಲೆ (ಅವರು ಪರಿಶಿಷ್ಟರಲ್ಲದಿದ್ದರೆ) ದೌರ್ಜನ್ಯ ಕಾಯ್ದೆಯ ಸೆಕ್ಷನ್ 4ರಡಿ ಕ್ರಮಕ್ಕೆ ದಾರಿಯಿದೆ. ಅದಕ್ಕೆ ಆಡಳಿತಾತ್ಮಕ ವಿಚಾರಣೆಯ ಶಿಫಾರಸು ಬೇಕಾದ್ದರಿಂದ ಎಸ್‌ಪಿಗೆ ಬರೆಯುವ ಪತ್ರದಲ್ಲೇ ‘ಸೆಕ್ಷನ್ 4ರಡಿ ವಿಚಾರಣೆ ನಡೆಸಿ’ ಎಂದು ಸೇರಿಸಿ.

ಎಫ್‌ಐಆರ್ ಆದ ಮೇಲೆ ತನಿಖೆಯನ್ನು ಡಿವೈಎಸ್‌ಪಿ ದರ್ಜೆಗೆ ಕಡಿಮೆಯಿಲ್ಲದ ಅಧಿಕಾರಿಯೇ ಮಾಡಬೇಕು (ಇದೇ ಕಾಯ್ದೆಯ 1995ರ ನಿಯಮಗಳ 7ನೇ ನಿಯಮ), 60 ದಿನದೊಳಗೆ ದೋಷಾರೋಪ ಪಟ್ಟಿ ಹೋಗಬೇಕು. ಜಾತಿ ಹೆಸರು ಹಿಡಿದು ಬೈದ ಪ್ರಕರಣಕ್ಕೆ 1 ಲಕ್ಷ ರೂಪಾಯಿ ಪರಿಹಾರವಿದೆ: ಎಫ್‌ಐಆರ್ ಹಂತದಲ್ಲಿ ಶೇ 25, ದೋಷಾರೋಪ ಪಟ್ಟಿಯಾದಾಗ ಶೇ 50, ಶಿಕ್ಷೆಯಾದರೆ ಉಳಿದ ಶೇ 25. ಇದು ತಾನಾಗಿ ಬರುತ್ತದೆಂದು ಕಾಯಬೇಡಿ. ಎಫ್‌ಐಆರ್, ಜಾತಿ ಪ್ರಮಾಣಪತ್ರ, ಬ್ಯಾಂಕ್ ಪಾಸ್‌ಬುಕ್ ಪ್ರತಿಗಳನ್ನು ಸಮಾಜ ಕಲ್ಯಾಣ ಇಲಾಖೆಯ ತಾಲ್ಲೂಕು ಕಚೇರಿಗೆ ಕೊಟ್ಟು ಸ್ವೀಕೃತಿ ಪಡೆಯಿರಿ. ಆರೋಪಿಗಳು ಜಾಮೀನು ಕೇಳಿದಾಗ ನಿಮಗೆ ನೋಟಿಸ್ ಬರಬೇಕು, ನಿಮ್ಮ ಮಾತನ್ನು ನ್ಯಾಯಾಲಯ ಕೇಳಬೇಕು. ಸೆಕ್ಷನ್ 15ಎ ಕೊಟ್ಟ ಹಕ್ಕಿದು. ನೋಟಿಸ್ ಇಲ್ಲದೆ ಕೊಟ್ಟ ಜಾಮೀನನ್ನು 2021ರಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡಿದ ಉದಾಹರಣೆಯಿದೆ. ಇನ್ನು, ಪ್ರತಿದೂರು ಬಂದೇ ಬರುತ್ತದೆ ಎಂದುಕೊಂಡೇ ಇರಿ. ಕಳ್ಳತನ, ಹಲ್ಲೆ, ಹೆಂಗಸರ ಮೈಮೇಲೆ ಬಿದ್ದರು ಎಂಬ ಆರೋಪಗಳು ಮಾಮೂಲು. ಆ ಹೊತ್ತಿನಲ್ಲಿ ನಿಮ್ಮ ತಮ್ಮ ಎಲ್ಲಿದ್ದ, ಜೊತೆಗೆ ಯಾರಿದ್ದರು ಎಂದು ಇಂದೇ ಬರೆದಿಡಿ.

ಶಾಂತಿ ಸಭೆಯ ಮಾತಿಗೆ ಮರಳೋಣ. ನಿಮ್ಮದೇ ಜಿಲ್ಲೆಯ ಮರಕುಂಬಿಯಲ್ಲಿ ಕ್ಷೌರದಂಗಡಿ, ಹೋಟೆಲ್‌ಗಳಲ್ಲಿ ದಲಿತರನ್ನು ತಡೆಯುತ್ತಿದ್ದ ಹಿನ್ನೆಲೆಯಲ್ಲೇ 2014ರ ಆಗಸ್ಟ್‌ನಲ್ಲಿ ಅವರ ಮನೆಗಳಿಗೆ ಬೆಂಕಿ ಬಿತ್ತು. ಕೊಪ್ಪಳದ ನ್ಯಾಯಾಲಯ 98 ಮಂದಿಗೆ ಜೀವಾವಧಿ, ಮೂವರಿಗೆ ಐದು ವರ್ಷದ ಶಿಕ್ಷೆ ಕೊಟ್ಟಿದ್ದು 2024ರ ಅಕ್ಟೋಬರ್‌ನಲ್ಲಿ, ಹತ್ತು ವರ್ಷದ ನಂತರ. ಪ್ರಕರಣ ಮೇಲ್ಮನವಿಯಾಗಿ ಹೈಕೋರ್ಟ್ ಮೆಟ್ಟಿಲೇರಿದೆ. 2000ದ ಮಾರ್ಚ್‌ನಲ್ಲಿ ಕಂಬಾಲಪಲ್ಲಿಯಲ್ಲಿ ಏಳು ಜನ ದಲಿತರನ್ನು ಸುಟ್ಟು ಕೊಂದ ಪ್ರಕರಣದಲ್ಲಂತೂ ಸಾಕ್ಷಿಗಳು ತಿರುಗಿಬಿದ್ದು 2006ರಲ್ಲಿ ಆರೋಪಿಗಳೆಲ್ಲ ಖುಲಾಸೆಯಾದರು. ಆದ್ದರಿಂದ ಸಾಕ್ಷಿಗಳ ರಕ್ಷಣೆಯನ್ನು, ಕೋರ್ಟಿಗೆ ಬಂದುಹೋಗುವ ಖರ್ಚು, ದಿನಭತ್ಯೆಯನ್ನು ಆರಂಭದಲ್ಲೇ ಬರಹದಲ್ಲಿ ಕೇಳಿ. ಖರ್ಚು, ಭತ್ಯೆಗೆ ಅದೇ ನಿಯಮಗಳ 11ನೇ ನಿಯಮದಲ್ಲಿ ಅವಕಾಶವಿದೆ. ಕೂಲಿ ಬಿಟ್ಟು ಮೂರು ಸಲ ಕೋರ್ಟಿಗೆ ಬಂದ ಬಡ ಸಾಕ್ಷಿ ನಾಲ್ಕನೇ ಸಲ ಬರದಿದ್ದರೆ ತಪ್ಪು ಅವರದಲ್ಲ.

ಪ್ರಶ್ನೆ: ಜಮೀನಿನ ಬದುವಿನ ವಿಷಯಕ್ಕೆ ಪಕ್ಕದವರೊಂದಿಗೆ ಜಗಳವಾಯಿತು. ನಾನು ಜಾತಿ ಎತ್ತಿಲ್ಲ. ಅಟ್ರಾಸಿಟಿ ಕೇಸ್ ಹಾಕುತ್ತೇವೆ ಎನ್ನುತ್ತಿದ್ದಾರೆ. ನಿರೀಕ್ಷಣಾ ಜಾಮೀನು ಸಿಗುವುದೇ ಇಲ್ಲವೇ? (ಹಾಸನ ಜಿಲ್ಲೆ)

ದೌರ್ಜನ್ಯ ಕಾಯ್ದೆಯ ಸೆಕ್ಷನ್ 18 ನಿರೀಕ್ಷಣಾ ಜಾಮೀನನ್ನು ತಡೆಯುತ್ತದೆ. ಆದರೆ ದೂರನ್ನು ಓದಿದಾಗ ಮೇಲ್ನೋಟಕ್ಕೆ ಈ ಕಾಯ್ದೆಯ ಅಪರಾಧವೇ ಕಾಣದಿದ್ದರೆ ನ್ಯಾಯಾಲಯ ಜಾಮೀನು ಕೊಡಬಹುದು ಎಂದು ಸುಪ್ರೀಂ ಕೋರ್ಟ್ 2020ರಲ್ಲೂ 2024ರಲ್ಲೂ ಹೇಳಿದೆ. ಏಳು ವರ್ಷದೊಳಗಿನ ಶಿಕ್ಷೆಯ ಅಪರಾಧಗಳಿಗೆ ಬಂಧನ ತಾನಾಗಿ ಆಗುವಂಥದ್ದಲ್ಲ, ಮೊದಲು ನೋಟಿಸ್ ಕೊಟ್ಟು ಕರೆಸುವ ದಾರಿ ಪೊಲೀಸರಿಗಿದೆ. ನೋಟಿಸ್ ಬಂದರೆ ತಪ್ಪಿಸಿಕೊಳ್ಳದೆ ಹೋಗಿ. ಸರ್ವೆ ನಕಾಶೆ, ಪಹಣಿ, ಹಳೆಯ ತಕರಾರು ಅರ್ಜಿಗಳಿದ್ದರೆ ಹಾಜರುಪಡಿಸಿ. ಜಗಳ ಜಮೀನಿನದೇ ಆದರೂ ಅದರ ನಡುವೆ ಜನರೆದುರು ಜಾತಿ ಹೆಸರು ಹಿಡಿದು ಬೈದಿದ್ದರೆ ಅದು ಅಪರಾಧವೇ. ಪಕ್ಕದವರನ್ನು ಹೆದರಿಸಿ ದೂರು ಹಿಂತೆಗೆಸಲು ಹೋದರೆ ಅದೇ ಬೇರೊಂದು ಪ್ರಕರಣವಾಗುತ್ತದೆ.

ಪ್ರಶ್ನೆ: ನಮ್ಮ ಕುಟುಂಬ ಕ್ರೈಸ್ತ ಧರ್ಮಕ್ಕೆ ಸೇರಿದೆ. ಊರವರು ಈಗಲೂ ಹಳೆಯ ಜಾತಿಯಿಂದಲೇ ಹೀಯಾಳಿಸುತ್ತಾರೆ. ದೌರ್ಜನ್ಯ ಕಾಯ್ದೆ ನಮಗೆ ಅನ್ವಯಿಸುತ್ತದೆಯೇ? (ಕೋಲಾರ ಜಿಲ್ಲೆ)

ನೀವು ಪರಿಶಿಷ್ಟ ಜಾತಿಯವರಾಗಿದ್ದರೆ ಇಲ್ಲ. 1950ರ ಸಂವಿಧಾನ (ಪರಿಶಿಷ್ಟ ಜಾತಿಗಳು) ಆದೇಶದ ಪ್ರಕಾರ ಹಿಂದೂ, ಸಿಖ್, ಬೌದ್ಧರಿಗೆ ಮಾತ್ರ ಆ ಸ್ಥಾನ. ಸಿಖ್ಖರು 1956ರಲ್ಲಿ, ಬೌದ್ಧರು 1990ರಲ್ಲಿ ಸೇರಿದರು. ಪರಿಶಿಷ್ಟ ಪಂಗಡಕ್ಕೆ ಧರ್ಮದ ಈ ಕಟ್ಟು ಇಲ್ಲ. ಅವಮಾನ, ಬೆದರಿಕೆ, ಹಲ್ಲೆಗೆ ಭಾರತೀಯ ನ್ಯಾಯ ಸಂಹಿತೆಯಡಿ ದೂರು ಕೊಡಬಹುದು. ಧರ್ಮ ಬದಲಿಸಿದ ಮಾತ್ರಕ್ಕೆ ಊರಿನ ಕಣ್ಣು ಬದಲಾಗುವುದಿಲ್ಲ ಎಂಬ ನಿಮ್ಮ ಅಳಲು ನ್ಯಾಯವಾದದ್ದೇ. ಆದರೂ ಕಾಯ್ದೆಯ ಇಂದಿನ ಸ್ಥಿತಿ ಹೀಗಿದೆ.

ಪ್ರಶ್ನೆ: ನಮ್ಮ ಕಾಲೋನಿಗೆ ನಾಲ್ಕು ದಿನಕ್ಕೊಮ್ಮೆ ನೀರು, ಊರೊಳಗೆ ದಿನಾ ಬರುತ್ತದೆ. ಯಾರೂ ನಮ್ಮನ್ನು ಬೈದಿಲ್ಲ. ಪಿಡಿಒ ಕೂಡ ಒಳ್ಳೆಯವರೇ, ‘ಪೈಪ್‌ಲೈನ್ ಇರೋದೇ ಹಾಗೆ’ ಎನ್ನುತ್ತಾರೆ. ಇದೂ ತಾರತಮ್ಯವೇ? ಯಾರ ಮೇಲೆ ದೂರು ಕೊಡುವುದು? (ಚಿತ್ರದುರ್ಗ ಜಿಲ್ಲೆ)

ತಾರತಮ್ಯವೇ. ವ್ಯಕ್ತಿಯ ತಾರತಮ್ಯಕ್ಕೂ ವ್ಯವಸ್ಥೆಯ ತಾರತಮ್ಯಕ್ಕೂ ಇರುವ ವ್ಯತ್ಯಾಸ ನಿಮ್ಮ ಪ್ರಶ್ನೆಯಲ್ಲೇ ಇದೆ. ಕ್ಷೌರದಂಗಡಿಯವನು ಮುಖಕ್ಕೆ ಹೊಡೆದಂತೆ ಬೇಡ ಎನ್ನುತ್ತಾನೆ. ನಿಮ್ಮಲ್ಲಿ ಯಾರೂ ಬೇಡ ಎಂದಿಲ್ಲ. ಎಂದೋ ಯಾರೋ ಟ್ಯಾಂಕಿನಿಂದ ದೊಡ್ಡ ಪೈಪನ್ನು ಊರಿಗೂ ಸಣ್ಣ ಪೈಪನ್ನು ಕಾಲೋನಿಗೂ ಎಳೆದರು. ಆಮೇಲೆ ಬಂದ ಅಧಿಕಾರಿಗಳೆಲ್ಲ ಅದನ್ನೇ ಮುಂದುವರಿಸಿದರು. ಒಳ್ಳೆಯ ಪಿಡಿಒ ಇದ್ದರೂ ನಲ್ಲಿ ಒಣಗಿಯೇ ಇರುತ್ತದೆ.

ನಮ್ಮ ನ್ಯಾಯಾಲಯಗಳು ಇದನ್ನು ಗುರುತಿಸತೊಡಗಿವೆ. ಸೇನೆಯ ಮಹಿಳಾ ಅಧಿಕಾರಿಗಳ ನಿತಿಶಾ ಪ್ರಕರಣದಲ್ಲಿ (2021) ಸುಪ್ರೀಂ ಕೋರ್ಟ್, ಮೇಲುನೋಟಕ್ಕೆ ಎಲ್ಲರಿಗೂ ಒಂದೇ ಆಗಿ ಕಾಣುವ ನಿಯಮ ಒಂದು ಗುಂಪಿಗೆ ಮಾತ್ರ ಪೆಟ್ಟು ಕೊಡುತ್ತಿದ್ದರೆ, ಉದ್ದೇಶ ಏನೇ ಇದ್ದರೂ ಅದು ಪರೋಕ್ಷ ತಾರತಮ್ಯ ಎಂದಿತು. ಕೈದಿಗಳಿಗೆ ಜಾತಿ ನೋಡಿ ಅಡುಗೆ, ಗುಡಿಸುವ ಕೆಲಸ ಹಂಚುತ್ತಿದ್ದ ಜೈಲು ಕೈಪಿಡಿಗಳ ನಿಯಮಗಳನ್ನು 2024ರ ಅಕ್ಟೋಬರ್ 3ರಂದು ಅದೇ ಕೋರ್ಟ್ ರದ್ದು ಮಾಡಿತು. ಆ ಕೈಪಿಡಿಗಳಲ್ಲೂ ಬೈಗುಳ ಇರಲಿಲ್ಲ, ಇದ್ದದ್ದು ನಿಯಮ.

ಇಂಥಲ್ಲಿ ಕ್ರಿಮಿನಲ್ ದೂರಿಗೆ ಆತುರಪಡಬೇಡಿ. ‘ಪೈಪ್ ಸಣ್ಣದು’ ಎಂಬುದಕ್ಕೆ ದೌರ್ಜನ್ಯ ಕಾಯ್ದೆಯ ಸೆಕ್ಷನ್ ಕೂರಿಸುವುದು ಕಷ್ಟ. ಕೇಸು ಬಿದ್ದರೆ ಎದುರಿನವರಿಗೆ ‘ಕೋರ್ಟೇ ಇಲ್ಲ ಎಂದಿದೆ’ ಎನ್ನಲು ಒಂದು ನೆಪ ಸಿಗುತ್ತದೆ. ಯಾರಾದರೂ ಬೇಕೆಂದೇ ವಾಲ್ವ್ ಮುಚ್ಚಿಸಿದ್ದು ಗೊತ್ತಾದರೆ ಆಗ ಮಾತು ಬೇರೆ. ಅದು ನೇರವಾಗಿ 3(1)(ಜಡ್‌ಎ). ಕೊಳವೆಬಾವಿಯಿಂದ ದಲಿತರು ನೀರು ತೆಗೆಯದಂತೆ ಬಲವಂತದಿಂದ ತಡೆದವರ ಶಿಕ್ಷೆಯನ್ನು ಕರ್ನಾಟಕದ್ದೇ ಅಪ್ಪ ಬಾಳು ಇಂಗಳೆ ಪ್ರಕರಣದಲ್ಲಿ 1992ರಲ್ಲಿ ಸುಪ್ರೀಂ ಕೋರ್ಟ್ ಮರುಸ್ಥಾಪಿಸಿದೆ.

ನಿಮಗೆ ಬೇಕಿರುವುದು ಅಂಕಿಅಂಶ, ಅದನ್ನು ನೀವೇ ಕಲೆಹಾಕಬಹುದು. ನೂರು ಪುಟದ ಒಂದು ನೋಟ್‌ಬುಕ್ ಸಾಕು. ಮೂವತ್ತು ದಿನ ಬರೆಯಿರಿ: ದಿನಾಂಕ, ನೀರು ಬಿಟ್ಟ ಗಂಟೆ, ನಿಂತ ಗಂಟೆ, ಒಂದು ಮನೆಗೆ ಸಿಕ್ಕ ಕೊಡಗಳ ಲೆಕ್ಕ. ಊರೊಳಗಿನ ಒಂದು ಬೀದಿಯ ಲೆಕ್ಕವನ್ನೂ ಅದೇ ದಿನಗಳಲ್ಲಿ ಬರೆಸಿ, ಹೋಲಿಕೆಯಿಲ್ಲದೆ ತಾರತಮ್ಯ ಸಾಬೀತಾಗದು. ವಾರಕ್ಕೊಮ್ಮೆ ಇಬ್ಬರ ಸಹಿ ಹಾಕಿಸಿ. ಜಲ ಜೀವನ್ ಮಿಷನ್‌ನ ಅಳತೆ ಒಬ್ಬರಿಗೆ ದಿನಕ್ಕೆ 55 ಲೀಟರ್. ಐದು ಜನರ ಮನೆಗೆ 275 ಲೀಟರ್, ಅಂದರೆ 15 ಲೀಟರಿನ ಕೊಡದಲ್ಲಿ ಹದಿನೆಂಟು ಕೊಡಕ್ಕೂ ತುಸು ಹೆಚ್ಚು. ನಾಲ್ಕು ದಿನಕ್ಕೊಮ್ಮೆ ಬಂದರೆ ಒಂದೇ ಸಲಕ್ಕೆ ಎಪ್ಪತ್ತಮೂರು ಕೊಡ ತುಂಬಬೇಕು. ನಿಮ್ಮ ಪುಸ್ತಕದ ಲೆಕ್ಕವನ್ನು ಇದರ ಪಕ್ಕದಲ್ಲಿಟ್ಟರೆ ಅರ್ಜಿಗೆ ಬೇರೆ ಅಲಂಕಾರ ಬೇಡ.

ಜೊತೆಗೇ ಮಾಹಿತಿ ಹಕ್ಕಿನಲ್ಲಿ 10 ರೂಪಾಯಿ ಶುಲ್ಕದೊಂದಿಗೆ ಪಂಚಾಯಿತಿಗೆ ಅರ್ಜಿ ಹಾಕಿ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಅನೇಕರ ಅರ್ಜಿ ಇದೇ ಕಾರಣಕ್ಕೆ ವಾಪಸ್ ಬರುತ್ತದೆ. ‘ತಾರತಮ್ಯ ಯಾಕೆ?’ ಎಂದು ಕೇಳಿದರೆ ಉತ್ತರ ಬರುವುದಿಲ್ಲ, ದಾಖಲೆ ಕೇಳಿ: ಓವರ್‌ಹೆಡ್ ಟ್ಯಾಂಕಿನಿಂದ ಪ್ರತಿ ವಾರ್ಡಿಗೆ ಹೋಗುವ ಪೈಪಿನ ಅಳತೆ, ನೀರುಗಂಟಿಗೆ ಕೊಟ್ಟಿರುವ ವೇಳಾಪಟ್ಟಿ. ಕಳೆದ ಮೂರು ವರ್ಷದಲ್ಲಿ ವಾರ್ಡ್‌ವಾರು ಮಂಜೂರಾದ ನೀರಿನ ಕಾಮಗಾರಿಗಳಿಗೆ ಬೇರೆ ಅರ್ಜಿ ಹಾಕಿ. 30 ದಿನದಲ್ಲಿ ಉತ್ತರ ಬರದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ.

ಎರಡೂ ಕೈಗೆ ಬಂದ ಮೇಲೆ ವಾರ್ಡ್ ಸಭೆ, ಗ್ರಾಮಸಭೆಯಲ್ಲಿ ವಿಷಯ ಎತ್ತಿ ನಡಾವಳಿ ಪುಸ್ತಕದಲ್ಲಿ ಬರೆಸಿ. ಬಾಯಿಮಾತಿನಲ್ಲಿ ‘ನೋಡೋಣ’ ಎಂದರೆ ಬಿಡಬೇಡಿ. ಅಲ್ಲಿಂದ ತಾಲ್ಲೂಕು ಪಂಚಾಯಿತಿ ಇಒ, ಜಿಲ್ಲಾ ಪಂಚಾಯಿತಿ ಸಿಇಒಗೆ ಅರ್ಜಿ. ಜಿಲ್ಲಾಧಿಕಾರಿ ಅಧ್ಯಕ್ಷತೆಯ ಜಾಗೃತಿ ಮತ್ತು ಉಸ್ತುವಾರಿ ಸಮಿತಿಯ ಸದಸ್ಯರಿಗೂ ಪ್ರತಿ ಕೊಡಿ. ರಾಜ್ಯ ಪರಿಶಿಷ್ಟ ಜಾತಿ ಮತ್ತು ಪಂಗಡಗಳ ಆಯೋಗಕ್ಕೆ ಅಧಿಕಾರಿಗಳನ್ನು ಕರೆಸಿ ಕೇಳುವ ಅಧಿಕಾರವಿದೆ. ಕೊನೆಯ ಮೆಟ್ಟಿಲು ಹೈಕೋರ್ಟಿನಲ್ಲಿ ರಿಟ್, ಸಂವಿಧಾನದ 14, 15, 21ನೇ ವಿಧಿಗಳ ಮೇಲೆ. ಪರಿಶಿಷ್ಟರಿಗೆ, ಹೆಣ್ಣುಮಕ್ಕಳಿಗೆ, ಅಂಗವಿಕಲರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡಬೇಕೆಂದು 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆ ಹೇಳುತ್ತದೆ. 15100ಕ್ಕೆ ಕರೆ ಮಾಡಿ.

ಪ್ರಶ್ನೆ: ಬೆಂಗಳೂರಿನಲ್ಲಿ ನಾನೂ ಗೆಳೆಯನೂ ಮನೆ ಹುಡುಕುತ್ತಿದ್ದೇವೆ. ನಾನು ಪರಿಶಿಷ್ಟ ಜಾತಿ, ಅವನು ಮುಸ್ಲಿಂ. ‘ನೀವು ಯಾವ ಜನ?’ ಎಂದು ಕೇಳಿದ ಮೇಲೆ ಇಬ್ಬರಿಗೂ ಮನೆ ಇಲ್ಲ. ಇಬ್ಬರಿಗೂ ಒಂದೇ ಕಾನೂನೇ?

ಒಂದೇ ಅಲ್ಲ. ಈ ಉತ್ತರ ನಿಮ್ಮ ಗೆಳೆಯನಿಗೆ ಕಹಿಯಾಗಿರುತ್ತದೆ.

ನಿಮಗೆ 1955ರ ನಾಗರಿಕ ಹಕ್ಕು ಸಂರಕ್ಷಣಾ ಕಾಯ್ದೆ ಇದೆ. ಅಸ್ಪೃಶ್ಯತೆಯ ಕಾರಣಕ್ಕೆ ಯಾವುದೇ ಪ್ರದೇಶದಲ್ಲಿ ವಾಸದ ಮನೆ ಕೊಳ್ಳಲು, ಕಟ್ಟಲು, ಅದರಲ್ಲಿ ಇರಲು ತಡೆಯೊಡ್ಡುವುದನ್ನು ಸೆಕ್ಷನ್ 4 ಅಪರಾಧ ಎನ್ನುತ್ತದೆ. ಶಿಕ್ಷೆ ಒಂದು ತಿಂಗಳಿಂದ ಆರು ತಿಂಗಳು ಜೈಲು, ಜೊತೆಗೆ 100ರಿಂದ 500 ರೂಪಾಯಿ ದಂಡ. ದಂಡದ ಮೊತ್ತ ಇಂದಿಗೂ ಇಷ್ಟೇ ಎಂಬುದು ನಾಚಿಕೆಯ ವಿಷಯ. ಆದರೆ ಈ ಕಾಯ್ದೆಯಲ್ಲಿ ಹೆಚ್ಚಿನವರು ಬಳಸದ ಒಂದು ಅಸ್ತ್ರವಿದೆ. ಸೆಕ್ಷನ್ 12ರ ಪ್ರಕಾರ, ಅಂಥ ಕೃತ್ಯ ಪರಿಶಿಷ್ಟ ಜಾತಿಯವರ ವಿರುದ್ಧ ನಡೆದಿದ್ದರೆ ಅದು ಅಸ್ಪೃಶ್ಯತೆಯ ಕಾರಣಕ್ಕೇ ನಡೆದಿದ್ದು ಎಂದು ನ್ಯಾಯಾಲಯ ಭಾವಿಸಬೇಕು. ಅಲ್ಲ ಎಂದು ತೋರಿಸುವ ಹೊಣೆ ಮಾಲೀಕರದ್ದು. ಹಾಗಾಗಿ ಜಾತಿ ಗೊತ್ತಾಗುವ ಮುಂಚೆ ಒಪ್ಪಿ, ಗೊತ್ತಾದ ಮೇಲೆ ನಿರಾಕರಿಸಿದ್ದನ್ನು ತೋರಿಸುವುದೇ ನಿಮ್ಮ ಕೆಲಸ. ಅಡ್ವಾನ್ಸ್ ಮಾತಾಡಿದ ಮೆಸೇಜು, ಬ್ರೋಕರ್‌ನ ಆಡಿಯೊ, ಅದೇ ಮನೆ ಮರುದಿನವೂ ಖಾಲಿ ಎಂದು ಜಾಹೀರಾತಿನಲ್ಲಿದ್ದ ಸ್ಕ್ರೀನ್‌ಶಾಟು ಇಟ್ಟುಕೊಳ್ಳಿ. ‘ಸಸ್ಯಾಹಾರಿಗಳಿಗೆ ಮಾತ್ರ’ ಎಂಬ ಬೋರ್ಡೊಂದೇ ಸಾಲದು. ಮಾಂಸ ತಿನ್ನುವ ಬೇರೆ ಜಾತಿಯವರಿಗೆ ಅದೇ ಮನೆ ಕೊಟ್ಟಿದ್ದರೆ ಮಾತ್ರ ಅದು ನೆಪ ಎಂದು ತೋರಿಸಬಹುದು. ಶಿಕ್ಷೆ ಒಂದು ವರ್ಷದೊಳಗಿನದಾದ್ದರಿಂದ ಪ್ರಕರಣ ಒಂದು ವರ್ಷದೊಳಗೆ ನ್ಯಾಯಾಲಯದ ಮುಂದೆ ಬರಬೇಕು, ತಡಮಾಡಬೇಡಿ.

ನಿಮ್ಮ ಗೆಳೆಯನಿಗೆ ಖಾಸಗಿ ಮಾಲೀಕನ ವಿರುದ್ಧ ಇಂಥ ಕಾಯ್ದೆ ಇಲ್ಲ. ಸಂವಿಧಾನದ 15(1)ನೇ ವಿಧಿ ಧರ್ಮದ ಆಧಾರದ ತಾರತಮ್ಯವನ್ನು ನಿಷೇಧಿಸುವುದು ಸರ್ಕಾರಕ್ಕೆ. 15(2) ಖಾಸಗಿಯವರಿಗೂ ತಾಗುತ್ತದೆ, ಆದರೆ ಅದರ ಪಟ್ಟಿಯಲ್ಲಿ ಇರುವುದು ಅಂಗಡಿ, ಹೋಟೆಲ್, ಸಾರ್ವಜನಿಕ ಮನರಂಜನೆಯ ಸ್ಥಳ, ಬಾವಿ, ಕೆರೆ, ರಸ್ತೆಗಳು. ಬಾಡಿಗೆ ಮನೆ ಇಲ್ಲ. 2005ರಲ್ಲಿ ಪಾರ್ಸಿ ಗೃಹ ಸಹಕಾರ ಸಂಘವೊಂದು ಸದಸ್ಯತ್ವವನ್ನು ಪಾರ್ಸಿಗಳಿಗಷ್ಟೇ ಮೀಸಲಿಟ್ಟಿದ್ದನ್ನೂ ಸುಪ್ರೀಂ ಕೋರ್ಟ್ ಒಪ್ಪಿತು. ಗೃಹಮಂಡಳಿ, ಬಿಡಿಎಯಂಥ ಸರ್ಕಾರಿ ಸಂಸ್ಥೆ ನಿರಾಕರಿಸಿದ್ದರೆ ರಿಟ್ ಹಾಕಬಹುದಿತ್ತು. ಕಾನೂನಿನ ಈ ದೊಡ್ಡ ಕಂಡಿಯನ್ನು ಮುಚ್ಚಬೇಕಾದದ್ದು ಶಾಸನಸಭೆ.

ಪ್ರಶ್ನೆ: ನಾನು ಸಾರಿಗೆ ನಿಗಮದಲ್ಲಿ ಚಾಲಕ. ಒಂದು ಕಣ್ಣಿನ ದೃಷ್ಟಿ ಪೂರ್ತಿ ಹೋಗಿದೆ. ‘ಶೇ 40 ಅಂಗವೈಕಲ್ಯ ಇಲ್ಲ, ನಿಮಗೆ ಏನೂ ಅನ್ವಯಿಸಲ್ಲ, ಸ್ವಯಂ ನಿವೃತ್ತಿಗೆ ಬರೆದುಕೊಡಿ’ ಎನ್ನುತ್ತಿದ್ದಾರೆ.

ಸಹಿ ಹಾಕಬೇಡಿ. ಸ್ವಯಂ ನಿವೃತ್ತಿಗೆ ಒಮ್ಮೆ ನೀವೇ ಬರೆದುಕೊಟ್ಟರೆ ಆಮೇಲೆ ‘ನಾವು ತೆಗೆದಿಲ್ಲ, ಅವರೇ ಬಿಟ್ಟರು’ ಎನ್ನುತ್ತಾರೆ.

ಒಂದು ಕಣ್ಣು ಮಾತ್ರ ಹೋದರೆ ಅಂಗವೈಕಲ್ಯ ಶೇ 30 ಎಂದೇ ಲೆಕ್ಕ. ಮೀಸಲಾತಿಗೆ ಬೇಕಿರುವ ಶೇ 40 ಆಗುವುದಿಲ್ಲ, ಅಷ್ಟು ಮಾತ್ರ ಅವರು ಹೇಳಿದ್ದು ಸರಿ. ಆದರೆ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯ್ದೆ, 2016ರ ಸೆಕ್ಷನ್ 20(4) ಶೇಕಡಾವಾರು ಕೇಳುವುದೇ ಇಲ್ಲ. ಸರ್ಕಾರಿ ಸಂಸ್ಥೆಯ ನೌಕರರು ಸೇವೆಯಲ್ಲಿರುವಾಗ ಅಂಗವಿಕಲರಾದರೆ ತೆಗೆಯುವಂತಿಲ್ಲ, ದರ್ಜೆ ಇಳಿಸುವಂತಿಲ್ಲ. ಈಗಿನ ಕೆಲಸಕ್ಕೆ ಆಗದಿದ್ದರೆ ಅದೇ ವೇತನ ಶ್ರೇಣಿಯ, ಅದೇ ಸೌಲಭ್ಯದ ಬೇರೆ ಹುದ್ದೆ ಕೊಡಬೇಕು. ಅದೂ ಇಲ್ಲದಿದ್ದರೆ ಹುದ್ದೆ ಸಿಗುವವರೆಗೆ ಅಥವಾ ನಿವೃತ್ತಿಯವರೆಗೆ ಹೆಚ್ಚುವರಿ ಹುದ್ದೆ ಸೃಷ್ಟಿಸಿ ಇಟ್ಟುಕೊಳ್ಳಬೇಕು. ಹಿಂದಿನ ಕಾಯ್ದೆಯಲ್ಲೂ ಇದೇ ರಕ್ಷಣೆ ಇತ್ತು. ಪಿಂಚಣಿ ಕೊಟ್ಟು ಕಳಿಸಿದರೂ ಈ ಹಕ್ಕು ಹೋಗದು ಎಂದು ಕುನಾಲ್ ಸಿಂಗ್ ಪ್ರಕರಣದಲ್ಲಿ (2003) ಸುಪ್ರೀಂ ಕೋರ್ಟ್ ಹೇಳಿದೆ. ನಿಮ್ಮನ್ನು ಬಸ್ಸಿನ ಸ್ಟೀರಿಂಗ್‌ನಿಂದ ಇಳಿಸುವುದು ಪ್ರಯಾಣಿಕರ ಸುರಕ್ಷತೆಯ ದೃಷ್ಟಿಯಿಂದ ಸರಿಯೇ. ಡಿಪೋ ಉಗ್ರಾಣ, ಕಚೇರಿ, ಭದ್ರತೆಯಂಥ ಕೆಲಸಕ್ಕೆ ಹಾಕದೆ ಮನೆಗೆ ಕಳಿಸುವುದು ಕಾಯ್ದೆಯ ಉಲ್ಲಂಘನೆ.

ವೈದ್ಯಕೀಯ ಮಂಡಳಿಯ ಪ್ರಮಾಣಪತ್ರ, ಯುಡಿಐಡಿ (ಅಂಗವಿಕಲರ ಗುರುತಿನ) ಕಾರ್ಡ್ ಮಾಡಿಸಿ. ವಿಭಾಗೀಯ ನಿಯಂತ್ರಣಾಧಿಕಾರಿಗೆ ಸೆಕ್ಷನ್ 20(4) ಎಂದು ಹೆಸರಿಸಿ ಪರ್ಯಾಯ ಹುದ್ದೆಗೆ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ. ಸೆಕ್ಷನ್ 23ರಂತೆ ಪ್ರತಿ ಸರ್ಕಾರಿ ಸಂಸ್ಥೆಯಲ್ಲೂ ಕುಂದುಕೊರತೆ ಅಧಿಕಾರಿ ಇರಬೇಕು, ಅವರಿಗೂ ಪ್ರತಿ ಕೊಡಿ. ಅಲ್ಲಿ ಆಗದಿದ್ದರೆ ಬೆಂಗಳೂರಿನಲ್ಲಿರುವ ಅಂಗವಿಕಲರ ಹಕ್ಕುಗಳ ರಾಜ್ಯ ಆಯುಕ್ತರಿಗೆ ದೂರು. ಅವರ ಶಿಫಾರಸಿನ ಮೇಲೆ ಸಂಸ್ಥೆ ಮೂರು ತಿಂಗಳೊಳಗೆ ಕ್ರಮ ತಿಳಿಸಬೇಕು ಅಥವಾ ಒಪ್ಪದಿದ್ದಕ್ಕೆ ಕಾರಣ ಕೊಡಬೇಕು.

ಪ್ರಶ್ನೆ: ಕಟ್ಟಡ ಕೆಲಸದಲ್ಲಿ ಗಂಡಾಳಿಗೆ 750, ಹೆಣ್ಣಾಳಿಗೆ 500. ಮರಳು, ಜಲ್ಲಿ ಹೊರುವುದು ಇಬ್ಬರೂ. ಕೇಳಿದರೆ ‘ಎಲ್ಲ ಕಡೆ ಹಾಗೇ’ ಎನ್ನುತ್ತಾರೆ ಮೇಸ್ತ್ರಿ. (ತುಮಕೂರು)

ಎಲ್ಲ ಕಡೆ ಹಾಗೇ ಇದೆ, ಎಲ್ಲ ಕಡೆಯೂ ಅದು ಕಾನೂನುಬಾಹಿರ. 1976ರ ಸಮಾನ ವೇತನ ಕಾಯ್ದೆಯ ಜಾಗಕ್ಕೆ 2025ರ ನವೆಂಬರ್ 21ರಿಂದ ವೇತನ ಸಂಹಿತೆ ಬಂದಿದೆ. ಅದರ ಸೆಕ್ಷನ್ 3 ಒಂದೇ ಬಗೆಯ ಕೆಲಸಕ್ಕೆ ಲಿಂಗ ನೋಡಿ ಕೂಲಿ ಬೇರೆ ಮಾಡುವುದನ್ನು ನಿಷೇಧಿಸುತ್ತದೆ. ಸಮ ಮಾಡುವ ನೆಪದಲ್ಲಿ ಗಂಡಾಳಿನ ಕೂಲಿ ಇಳಿಸುವಂತೆಯೂ ಇಲ್ಲ. ಹೋಲಿಕೆ ಮಾಡುವಾಗ ಎಚ್ಚರ: ಗಾರೆ ಕೆಲಸದವರ ಕೂಲಿಗೆ ಹೋಲಿಸಿದರೆ ‘ಅದು ಬೇರೆ ಕಸುಬು’ ಎಂದು ಅರ್ಜಿ ಬೀಳುತ್ತದೆ. ಹೊರುವ ಗಂಡಾಳಿಗೆ ಹೊರುವ ಹೆಣ್ಣಾಳನ್ನೇ ಹೋಲಿಸಿ. ಬಟವಾಡೆಯ ದಿನ ಯಾರಿಗೆ ಎಷ್ಟು ಕೊಟ್ಟರು, ಯಾವ ಕೆಲಸಕ್ಕೆ ಎಂದು ಬರೆದಿಡಿ. ಫೋನ್‌ಪೇಯಲ್ಲಿ ಹಾಕಿದ್ದರೆ ಅದೇ ದಾಖಲೆ. ಒಬ್ಬರೇ ಹೋದರೆ ಮರುದಿನ ಕೆಲಸಕ್ಕೆ ಕರೆಯುವುದಿಲ್ಲ, ಹತ್ತು ಜನ ಒಟ್ಟಿಗೆ ಸಹಿ ಹಾಕಿ ಕಾರ್ಮಿಕ ನಿರೀಕ್ಷಕರಿಗೆ ಕೊಡಿ. ಮೂರು ವರ್ಷದ ಹಿಂದಿನವರೆಗಿನ ವ್ಯತ್ಯಾಸ ಕೇಳಬಹುದು, ಅದರ ಹತ್ತು ಪಟ್ಟಿನವರೆಗೆ ಪರಿಹಾರವನ್ನೂ ಪ್ರಾಧಿಕಾರ ಕೊಡಿಸಬಹುದು. ಕಾರ್ಮಿಕ ಸಹಾಯವಾಣಿ 155214.

ಪ್ರಶ್ನೆ: ನನ್ನ ಅಕ್ಕನಿಗೆ ಗರ್ಭಕೋಶದ ಆಪರೇಷನ್ ಆಗಬೇಕಿತ್ತು. ರಕ್ತ ಪರೀಕ್ಷೆಯಲ್ಲಿ ಎಚ್‌ಐವಿ ಇದೆ ಎಂದು ಬಂದ ಮೇಲೆ ಖಾಸಗಿ ಆಸ್ಪತ್ರೆ ಮುಂದೂಡುತ್ತಲೇ ಇದೆ. ವಾರ್ಡಿನಲ್ಲಿ ಎಲ್ಲರಿಗೂ ಗೊತ್ತಾಗುವಂತೆ ಮಾತಾಡಿದರು. ಹೆಸರು ಹೊರಬರದಂತೆ ದೂರು ಕೊಡಬಹುದೇ?

ಕೊಡಬಹುದು. 2018ರ ಸೆಪ್ಟೆಂಬರ್ 10ರಿಂದ ಜಾರಿಯಲ್ಲಿರುವ ಎಚ್‌ಐವಿ ಮತ್ತು ಏಡ್ಸ್ (ತಡೆ ಮತ್ತು ನಿಯಂತ್ರಣ) ಕಾಯ್ದೆ, 2017 ಸರ್ಕಾರಿ, ಖಾಸಗಿ ಎರಡಕ್ಕೂ ಅನ್ವಯಿಸುತ್ತದೆ. ಚಿಕಿತ್ಸೆ ನಿರಾಕರಿಸುವುದು, ಒಪ್ಪಿಗೆಯಿಲ್ಲದೆ ಪರೀಕ್ಷಿಸುವುದು, ಒಪ್ಪಿಗೆಯಿಲ್ಲದೆ ಬೇರೆಯವರಿಗೆ ತಿಳಿಸುವುದು ಮೂರೂ ನಿಷಿದ್ಧ. ಕೆಲಸ, ಶಾಲೆ, ಬಾಡಿಗೆ ಮನೆಗೂ ಇದೇ ರಕ್ಷಣೆಯಿದೆ. ಎಲ್ಲ ರೋಗಿಗಳಿಗೂ ಬಳಸಬೇಕಾದ ಕೈಗವಸು, ಮುನ್ನೆಚ್ಚರಿಕೆಗಳೇ ಇಲ್ಲೂ ಸಾಕಾಗುವುದರಿಂದ ‘ನಮ್ಮಲ್ಲಿ ವ್ಯವಸ್ಥೆ ಇಲ್ಲ’ ಎಂಬುದು ಕಾರಣವಾಗದು.

ಮುಂದೂಡಿದ ಪ್ರತಿ ದಿನಾಂಕವನ್ನೂ ಹೇಳಿದ ಕಾರಣವನ್ನೂ ಬರೆದಿಡಿ. ಆಪರೇಷನ್ ಬೇಕೆಂದು ಮೊದಲು ಬರೆದುಕೊಟ್ಟ ಚೀಟಿ, ದಾಖಲಾತಿ ಪತ್ರ ಕೈಯಲ್ಲಿರಲಿ. ಇಪ್ಪತ್ತು ಅಥವಾ ಹೆಚ್ಚು ಜನರಿರುವ ಆಸ್ಪತ್ರೆಯಲ್ಲಿ ದೂರು ಅಧಿಕಾರಿ ಇರಬೇಕು. ಮೊದಲ ಅರ್ಜಿ ಅವರಿಗೆ, ಪ್ರತಿ ಈ ಕಾಯ್ದೆಯಡಿ ದೂರು ಆಲಿಸುವ ರಾಜ್ಯದ ಒಂಬುಡ್ಸ್‌ಮನ್‌ಗೆ. ಒಂಬುಡ್ಸ್‌ಮನ್ 30 ದಿನದೊಳಗೆ ಆದೇಶ ಕೊಡಬೇಕು, ವೈದ್ಯಕೀಯ ತುರ್ತು ಇದ್ದರೆ ಆದಷ್ಟು ಬೇಗ, ಸಾಧ್ಯವಾದಷ್ಟೂ 24 ಗಂಟೆಯೊಳಗೆ. ಆದೇಶ ಪಾಲಿಸದ ಆಸ್ಪತ್ರೆಗೆ 10,000 ರೂಪಾಯಿವರೆಗೆ ದಂಡ, ಮುಂದುವರಿದರೆ ದಿನಕ್ಕೆ 5,000ದವರೆಗೆ. ವಿಚಾರಣೆಯಲ್ಲಿ ಅಕ್ಕನ ಬದಲು ಕಲ್ಪಿತ ಹೆಸರು ಬಳಸಬೇಕೆಂದು ಸೆಕ್ಷನ್ 34ರಡಿ ಕೇಳಿಕೊಳ್ಳಿ. ಅರ್ಜಿಯ ಮೇಲೆ, ಲಕೋಟೆಯ ಮೇಲೆ ಎಲ್ಲೂ ರೋಗದ ಹೆಸರು ಕಾಣದಂತೆ ನೋಡಿಕೊಳ್ಳಿ. ವಿಳಾಸ, ಅರ್ಜಿಯ ನಮೂನೆಗೆ ಹತ್ತಿರದ ಎಆರ್‌ಟಿ (ಎಚ್‌ಐವಿ ಚಿಕಿತ್ಸಾ) ಕೇಂದ್ರದ ಆಪ್ತಸಮಾಲೋಚಕರನ್ನು ಕೇಳಿ, ಅಥವಾ 1097ಕ್ಕೆ ಕರೆ ಮಾಡಿ. ಆಪರೇಷನ್ ತಡವಾದರೆ ಅಪಾಯ ಎಂದು ವೈದ್ಯರು ಬರೆದುಕೊಟ್ಟಿದ್ದರೆ ಆ ಚೀಟಿಯನ್ನು ಅರ್ಜಿಯ ಮೊದಲ ಪುಟಕ್ಕೇ ಲಗತ್ತಿಸಿ. 24 ಗಂಟೆಯ ಗಡುವು ಕೇಳಲು ಆಧಾರ ಅದೇ.